ಹೂಂಗುಟ್ಟುವವಳನ್ನು ಬಿಟ್ಟುಕೊಡದ ನಾಟಕಕಾರ್ತಿ

ನ್ಯೂಯಾರ್ಕ್ ಮತ್ತು ನ್ಯೂಜೆರ್ಸಿಯ ಸ್ಪ್ಯಾನಿಷ್ ರಂಗಭೂಮಿಯನ್ನು ಬಲ್ಲವರಿಗೆ ಶ್ರೀಮತಿ ಎಲ್ವೀರಾ ಸಾಲ್ಸೆದೊ ಅವರನ್ನು ನಾನು ಪರಿಚಯಿಸಬೇಕಾಗಿಲ್ಲ. ಹದಿನಾಲ್ಕು ನಾಟಕಗಳನ್ನು ಬರೆದು, ಅವುಗಳಲ್ಲಿ ಹನ್ನೊಂದನ್ನು ಚರ್ಚಿನ ನೆಲಮಾಳಿಗೆಗಳಲ್ಲಿ, ಎಂಬತ್ತು ಕುರ್ಚಿಗಳ ಪುಟ್ಟ ರಂಗಮಂದಿರಗಳಲ್ಲಿ ಆಡಿಸಿ, ನಮ್ಮ ಕಾಲೇಜಿನಲ್ಲಿ ಮೂವತ್ತೆರಡು ವರ್ಷ ನಾಟಕರಚನೆಯನ್ನು ಕಲಿಸಿ ಈ ಮೇ ತಿಂಗಳಲ್ಲಿ ನಿವೃತ್ತರಾಗುತ್ತಿರುವ ಅವರಿಗೆ ಕನ್ನಡದಲ್ಲಿಯೂ ಒಂದು ಲೇಖನ ಸಲ್ಲಬೇಕೆಂದು ಈ ಅಭಿನಂದನ ಸಂಚಿಕೆಯ ಸಂಪಾದಕರು ಬಯಸಿದ್ದು ಉಚಿತವೇ ಆಗಿದೆ. ಏಕೆಂದರೆ ಅವರ ಬದುಕಿನ ಅತ್ಯಂತ ಕಠಿಣ ನಿರ್ಧಾರಕ್ಕೆ ಕಾರಣವಾದದ್ದು ಒಂದು ಕನ್ನಡ ಕಥೆ.

ಸ್ಪೇನಿನ ಸಮೋರಾದಲ್ಲಿ, ಊರೂರು ತಿರುಗುವ ನಾಟಕ ಕಂಪನಿಗೆ ಉಡುಪು ಹೊಲಿಯುತ್ತಿದ್ದ ತಾಯಿಯ ಮಗಳಾಗಿ ೧೯೫೪ರಲ್ಲಿ ಹುಟ್ಟಿದ ಅವರು ೧೯೮೬ರಲ್ಲಿ ನ್ಯೂಯಾರ್ಕಿಗೆ ಬಂದರು. ದಂತವೈದ್ಯರೊಬ್ಬರ ಫ್ರಂಟ್ ಡೆಸ್ಕಿನಲ್ಲಿ ಫೋನ್ ಎತ್ತುತ್ತ, ಊಟದ ಬಿಡುವಿನಲ್ಲಿ ಅಪಾಯಿಂಟ್‌ಮೆಂಟ್ ಚೀಟಿಗಳ ಹಿಂಬದಿಯಲ್ಲಿ ಮೊದಲ ಮೂರು ನಾಟಕಗಳನ್ನು ಬರೆದರೆಂಬುದನ್ನು ಅವರ ಬಾಯಿಂದಲೇ ನಾನು ಬೇರೆ ಬೇರೆ ವರ್ಷಗಳಲ್ಲಿ ಎರಡು ಬಾರಿ ಕೇಳಿದ್ದೇನೆ. ಕಥೆ ಸಂಗ್ರಹಿಸುವವರ ಮಾತಿನಲ್ಲಿ ಹೇಳುವುದಾದರೆ, ಎರಡು ಪಾಠಗಳಲ್ಲಿಯೂ ವ್ಯತ್ಯಾಸವಿಲ್ಲ.

ನಾನು ಅವರ ಸಂಜೆ ತರಗತಿಗೆ ಸೇರಿದ್ದು ೨೦೦೯ರಲ್ಲಿ. ಈಸ್ಟ್ ಬ್ರನ್ಸ್‌ವಿಕ್‌ನಲ್ಲಿ ಮಗಳ ಮನೆಯಲ್ಲಿದ್ದ, ಗದಗಿನ ಕಡೆಯ ಕಾಶಿಬಾಯಿ ಅವರಿಂದ ನಾನು ಧ್ವನಿಮುದ್ರಿಸಿಕೊಂಡಿದ್ದ ‘ಬಾವಿಯಲ್ಲಿ ನೆರಳು ಬಿಟ್ಟ ರಾಣಿ’ ಎಂಬ ಕಥೆಯನ್ನು ಇಂಗ್ಲಿಷಿಗೆ ತಿರುಗಿಸಿ, ಒಪ್ಪವಾಗಿ ಟೈಪ್ ಮಾಡಿ ಅವರ ಮುಂದಿಟ್ಟೆ. ಓದಿ ಮುಗಿಸಿದ ಅವರು, “ಇದನ್ನು ಆಕೆ ಯಾರಿಗೆ ಹೇಳುತ್ತಿದ್ದಾರೆ?” ಎಂದು ಕೇಳಿದರು. ನನಗೆ, ಎಂದೆ. “ಹಾಗಾದರೆ ಇದರಲ್ಲಿ ನೀವೆಲ್ಲಿ?” ಕಥೆಯುದ್ದಕ್ಕೂ ನಾನು ಹಾಕಿದ್ದ ಹೂಂಕಾರಗಳನ್ನೆಲ್ಲ ಕಸವೆಂದು ಬಗೆದು ಪ್ರತಿಯಿಂದ ತೆಗೆದುಹಾಕಿದ್ದೆನೆಂದು ಒಪ್ಪಿಕೊಳ್ಳಬೇಕಾಯಿತು.

ಅಕ್ಟೋಬರ್ ಹನ್ನೊಂದು, ಭಾನುವಾರ ಮಧ್ಯಾಹ್ನ ಅವರನ್ನು ಕಾಶಿಬಾಯಿಯವರಲ್ಲಿಗೆ ಕರೆದೊಯ್ದೆ. ರಂಗಮಂದಿರದಲ್ಲಿ ಕೂರುವ ಶಿಸ್ತಿನಲ್ಲಿ ಎಲ್ವೀರಾ ತುಟಿ ಬಿಚ್ಚದೆ ಕುಳಿತರು. ನಾಲ್ಕನೆಯ ವಾಕ್ಯಕ್ಕೆ ಕಥೆ ನಿಂತಿತು.

“ಈಕಿ ಹೂಂ ಅನ್ನವಲ್ಲಳು. ನಾ ಏನು ಗ್ವಾಡಿಗೆ ಕಥಿ ಹೇಳ್ಲೇನು?”

“ಅವ್ವಾ, ಡಿಸ್ಟರ್ಬ್ ಮಾಡಬಾರದು ಅಂತ ಸುಮ್ನ ಕೂತಾರ,” ಎಂದರು ಮಗಳು ಪಂಕಜಾ.

“ಸುಮ್ನ ಕೂಡಾಕ ಇಲ್ಲಿಗ್ಯಾಕ ಬರಬೇಕಿತ್ತು?”

ನಾನು ವಿಷಯ ತಿಳಿಸಿದ ಕೂಡಲೆ ಎಲ್ವೀರಾ ಹೂಂಗುಟ್ಟತೊಡಗಿದರು. ಆದರೆ ಭಾಷೆ ಬಾರದ ಕಾರಣ ಎಲ್ಲದಕ್ಕೂ ನಗುನಗುತ್ತಲೇ. “ಅಲ್ಲಿ ರಾಣಿ ಕೂಸು ಸತ್ತೈತಿ, ಈಕಿ ಹಲ್ಲು ಕಿಸೀತಾಳ,” ಎಂದು ಕಾಶಿಬಾಯಿ ಗದರಿದರು. ಬರಬರುತ್ತ ಆ ದನಿಯ ಏರಿಳಿತವನ್ನೇ ಹಿಡಿದು ಎಲ್ಲಿ ಮೆಲ್ಲಗೆ, ಎಲ್ಲಿ ಬೆರಗಿನಿಂದ, ಎಲ್ಲಿ ಅನುಮಾನದಿಂದ ಹೂಂ ಎನ್ನಬೇಕೆಂಬುದನ್ನು ಎಲ್ವೀರಾ ಕಲಿತರು. ಕಾಶಿಬಾಯಿ ಎಲ್ವೀರಾ ಅವರನ್ನು ಎಲ್ಲವ್ವ ಎಂದು ಕರೆಯತೊಡಗಿದರು. ಮರುವರ್ಷ ಕಾಶಿಬಾಯಿಗೆ ಸೊಂಟದ ಶಸ್ತ್ರಚಿಕಿತ್ಸೆಯಾದಾಗ, ಕಾರು ಓಡಿಸಲು ಬಾರದ ಎಲ್ವೀರಾ ಎರಡು ಬಸ್ಸು ಬದಲಿಸಿ ಪ್ರತಿ ಬುಧವಾರ ಬರುತ್ತಿದ್ದರು. ನಾನು ಜೊತೆಗಿರದ ದಿನಗಳಲ್ಲಿಯೂ ಒಂದು ಪದವೂ ಅರ್ಥವಾಗದ ಕಥೆಗಳಿಗೆ ಗಂಟೆಗಟ್ಟಲೆ ಹೂಂಗುಟ್ಟಿದರು.

ಆ ರಾಣಿಯ ಕಥೆಯಿಂದ ಎಲ್ವೀರಾ ಬರೆದ ನಾಟಕವನ್ನು ೨೦೧೧ರಲ್ಲಿ ಮ್ಯಾನ್‌ಹಟನ್ನಿನ ದೊಡ್ಡ ರಂಗಮಂದಿರವೊಂದು ಆರು ವಾರಗಳ ಪ್ರಯೋಗಕ್ಕೆ ಆರಿಸಿತು. ಐವತ್ತೇಳರ ವಯಸ್ಸಿನಲ್ಲಿ ಅವರಿಗೆ ಒದಗಿದ ಮೊದಲ ದೊಡ್ಡ ಅವಕಾಶವದು. ನಿರ್ದೇಶಕರದು ಒಂದೇ ಷರತ್ತು: ರಂಗದ ಅಂಚಿನಲ್ಲಿ ಕುಳಿತು ಮೊದಲಿನಿಂದ ಕೊನೆಯವರೆಗೆ ಹೂಂಗುಟ್ಟುವ ಹೆಂಗಸನ್ನು ತೆಗೆಯಬೇಕು, ಆಕೆ ಏನನ್ನೂ ಮಾಡುವುದಿಲ್ಲ. ನಾನೇ ಎಲ್ವೀರಾ ಅವರಿಗೆ, ಒಪ್ಪಿಕೊಳ್ಳಿ, ಪುಸ್ತಕವಾಗುವಾಗ ಆಕೆಯನ್ನು ಮರಳಿ ಸೇರಿಸಿಕೊಳ್ಳಬಹುದೆಂದು ಸಲಹೆಯಿತ್ತೆ. “ಆಕೆ ಎದ್ದು ಹೋದರೆ ರಾಣಿ ಮಾತು ನಿಲ್ಲಿಸುತ್ತಾಳೆ,” ಎಂದ ಎಲ್ವೀರಾ ಹತ್ತು ದಿನ ಯೋಚಿಸಿ, ಹನ್ನೊಂದನೆಯ ದಿನ ಕರಾರನ್ನು ಸಹಿಯಿಲ್ಲದೆ ಹಿಂದಿರುಗಿಸಿದರು. ಆ ರಂಗಮಂದಿರ ಅವರನ್ನು ಮತ್ತೆ ಕರೆಯಲಿಲ್ಲ.

ನಾಟಕ ನಡೆದದ್ದು ಮರುವರ್ಷ, ವುಡ್‌ಬ್ರಿಡ್ಜಿನ ಸಭಾಂಗಣವೊಂದರಲ್ಲಿ, ಎರಡೇ ಪ್ರಯೋಗ. ಮೊದಲ ದಿನ ಮುಂದಿನ ಸಾಲಿನಲ್ಲಿದ್ದ ಕಾಶಿಬಾಯಿ ಪರದೆ ಬಿದ್ದ ಮೇಲೆ ಹೇಳಿದ್ದು ಇಷ್ಟು: “ಚಲೋ ಆತು ಎಲ್ಲವ್ವ. ಆದ್ರ ಹೂಂ ಅನ್ನಾಕಿಗೆ ಕುರ್ಚಿ ಯಾಕ? ಆಕಿ ನೆಲದ ಮ್ಯಾಲ ಕುಂಡ್ರಬೇಕು.” ಎರಡನೆಯ ದಿನ ಕುರ್ಚಿ ಇರಲಿಲ್ಲ. ಕಾಶಿಬಾಯಿ ಈಗಿಲ್ಲ. ಅವರ ನಲವತ್ತೊಂದು ಕಥೆಗಳ ಧ್ವನಿಮುದ್ರಿಕೆಗಳನ್ನು ಮೊದಲಿನಿಂದ ಕೇಳಿ, ತೆಗೆದುಹಾಕಿದ್ದ ಪ್ರತಿಯೊಂದು ಹೂಂಕಾರವನ್ನೂ ಅದರ ಸ್ಥಾನದಲ್ಲಿ ಮರಳಿ ಬರೆಯಲು ನನಗೆ ನಾಲ್ಕು ವರ್ಷ ಹಿಡಿಯಿತು. ನನ್ನ ಗುರುಗಳಿಗೆ ನಾನು ಸಲ್ಲಿಸಬಹುದಾದ ಕಾಣಿಕೆ ಅದೊಂದೇ.

ಕಳೆದ ಮಾರ್ಚಿನಲ್ಲಿ, ಮ್ಯಾನ್‌ಹಟನ್ನಿನ ಆ ಅವಕಾಶವನ್ನು ಕಳೆದುಕೊಂಡದ್ದು ಈಗಲೂ ನೋಯಿಸುವುದೇ ಎಂದು ಅಳುಕುತ್ತಲೇ ಕೇಳಿದೆ. ಅವರು ಮರೆಮಾಚಲಿಲ್ಲ. “ಪ್ರತಿ ಸೆಪ್ಟೆಂಬರಿನಲ್ಲಿ ರೈಲಿನೊಳಗೆ ಹೊಸ ನಾಟಕಗಳ ಪೋಸ್ಟರ್ ಅಂಟಿಸುತ್ತಾರಲ್ಲ, ಆಗ ಒಂದು ವಾರ ನಾನು ಯಾರೊಂದಿಗೂ ನೆಟ್ಟಗೆ ಮಾತಾಡುವುದಿಲ್ಲ. ಎಂಟನೆಯ ದಿನ ಬರೆಯಲು ಕೂರುತ್ತೇನೆ.”

ಹದಿನೈದನೆಯ ನಾಟಕ ಅರ್ಧದಲ್ಲಿದೆ. ಅವರು ಅಂದು ಬೇಡವೆಂದದ್ದರಷ್ಟೇ ದೊಡ್ಡ ರಂಗಮಂದಿರ ಅದಕ್ಕೆ ದೊರೆಯಲಿ, ಒಂದು ಪಾತ್ರವನ್ನೂ ಬಿಟ್ಟುಕೊಡದೆ ದೊರೆಯಲಿ. ಅದನ್ನು ಕಣ್ತುಂಬ ನೋಡಿ, ನಟರನ್ನು ಮನಸಾರೆ ಬೈಯುವಷ್ಟು ದೀರ್ಘವಾದ ಆಯುರಾರೋಗ್ಯ ಅವರಿಗಿರಲಿ. ಒಂದು ವೇಳೆ ದೊರೆಯದೆ ಹೋದರೂ, ಆ ಎಂಟನೆಯ ದಿನ ಅವರಿಗೆ ಪ್ರತಿ ವರ್ಷವೂ ತಪ್ಪದೆ ಬರಲಿ.