ಆರಿಸದ ಬೀಜ

ಜಾರ್ಜ್‌ಟೌನಿನ ನಮ್ಮ ಕಾಲೊನಿಯಲ್ಲಿ ಇನ್ನೂರು ಮನೆಗಳಿವೆ. ಅಷ್ಟರಲ್ಲೂ ಇರುವೆಗಳನ್ನು ಕೆಲಸಕ್ಕೆ ಹಚ್ಚಿ ಗೆದ್ದವರು ನಮ್ಮ ಸರೋಜಕ್ಕ ಒಬ್ಬರೇ. ಇದನ್ನು ನಾನು ಎದೆಯುಬ್ಬಿಸಿಯೇ ಹೇಳುತ್ತೇನೆ. ಜಂಬ ಅನ್ನುವವರು ಅನ್ನಲಿ.

ಸರೋಜಕ್ಕ ಧಾರವಾಡದವರು, ನಮ್ಮ ಎದುರು ಮನೆ. ವಯಸ್ಸು ಐವತ್ತೆಂಟು. ಔಷಧಿ ಅಂಗಡಿಯಲ್ಲಿ ಮಾತ್ರೆ ಎಣಿಸಿ ಡಬ್ಬಿಗೆ ತುಂಬುವ ಕೆಲಸ. ಹನ್ನೊಂದು ವರ್ಷ ಕಾಲೊನಿಯ ಮೀಟಿಂಗುಗಳಲ್ಲಿ ಹಿಂದಿನ ಕುರ್ಚಿಯಲ್ಲಿ ಕೂತು, ತುಟಿ ಪಿಟಕ್ಕೆನ್ನದೆ ಎದ್ದು ಬಂದವರು. ಕ್ಲಬ್‌ಹೌಸಿನ ಹಿಂದೆ ಓಕ್ ಮರಗಳ ನೆರಳಿನಲ್ಲಿ ಹುಲ್ಲು ಬೆಳೆಯುವುದಿಲ್ಲ, ಜಲ್ಲಿ ಸುರಿಸಿಬಿಡೋಣ ಎಂದು ಕಮಿಟಿಯ ಅಧ್ಯಕ್ಷ ವಾಲ್ಟರ್ ಹೇಳಿದ ದಿನ ಮಾತ್ರ ಎದ್ದು ನಿಂತರು. ತಮ್ಮ ಹಿತ್ತಿಲಿನ ನೆರಳಿನಲ್ಲಿ ನೇರಳೆ ಹೂವಿನ, ದುಂಡೆಲೆಯ ಕಾಡು ವಯಲೆಟ್ ಗಿಡ ಹಬ್ಬಿದೆ, ಅದರ ಬೀಜ ಹಾಕಿ ಅಲ್ಲಿಯೂ ಹಸಿರು ತರುತ್ತೇನೆ ಎಂದು ತಡವರಿಸುತ್ತ ಇಂಗ್ಲಿಷಿನಲ್ಲಿ ಮಾತು ಕೊಟ್ಟರು. ಕಮಿಟಿ ಒಂದು ವರ್ಷ ಕೊಟ್ಟಿತು.

ಆ ಜೂನಿನಲ್ಲಿ ಬೀಜ ಬಲಿತವು. ಎಳ್ಳಿನಷ್ಟು ಕಂದು ಬೀಜ, ತುದಿಯಲ್ಲಿ ಬೆಳ್ಳಗೆ ಉಬ್ಬಿದ ಒಂದು ಗುಬುಟು. ನಮ್ಮವರಿಗೆ ಆರಿಸದೆ ಏನನ್ನೂ ಮುಟ್ಟಿ ಗೊತ್ತಿಲ್ಲ. ಅಕ್ಕಿಯಾಗಲಿ ಬೇಳೆಯಾಗಲಿ, ಮೊರಕ್ಕೆ ಬೀಳದೆ ಒಲೆಗೆ ಹೋಗುವುದಿಲ್ಲ. ಸರೋಜಕ್ಕ ಆ ಗುಬುಟನ್ನು ಬೂಷ್ಟು ಎಂದುಕೊಂಡು, ಮೂರು ಸಂಜೆ ಕೂತು ಒಂದೊಂದೇ ಬೀಜವನ್ನು ಬಟ್ಟೆಯಲ್ಲಿ ಉಜ್ಜಿ ಗುಬುಟು ಕಿತ್ತರು. ಉಜ್ಜಲು ನಾನೂ ಕೂತಿದ್ದೆ. ಓಕ್ ಮರಗಳಡಿ ಹಾಕಿದ ಆ ಬೀಜವನ್ನು ಹಕ್ಕಿ ಇಲಿಗಳು ತಿಂದವೋ ಏನೋ, ಮಾರ್ಚ್ ಬಂದರೂ ಒಂದು ಎಲೆ ಏಳಲಿಲ್ಲ.

ಮತ್ತೆ ಮೀಟಿಂಗ್ ಆಯಿತು. ಜಲ್ಲಿಯೋ, ಇನ್ನೊಂದು ವರ್ಷವೋ ಎಂದು ಚೀಟಿ ಬರೆಸಿದರು. ಇನ್ನೊಂದು ವರ್ಷ ಎರಡೇ ಮತಗಳಿಂದ ಗೆದ್ದಿತು.

ಎರಡನೆಯ ಜೂನಿನಲ್ಲಿ ಸರೋಜಕ್ಕ ಮತ್ತೆ ಬಾಗಿಲ ಮೆಟ್ಟಿಲ ಮೇಲೆ ಬೀಜ ಉಜ್ಜುತ್ತಿದ್ದರು. ಕುಕ್ಕರ್ ಕೂಗಿತೆಂದು ಒಳಗೆ ಹೋಗಿ ಬರುವಷ್ಟರಲ್ಲಿ ಸಣ್ಣ ಕಪ್ಪಿರುವೆಗಳು ಸಾಲುಗಟ್ಟಿದ್ದವು. ಉಜ್ಜದ ಬೀಜಗಳನ್ನು ಬೆಳ್ಳಗಿನ ಗುಬುಟು ಕಚ್ಚಿ ಎಳೆದುಕೊಂಡು ಹೋಗುತ್ತಿದ್ದವು. ಪಕ್ಕದಲ್ಲಿ ಫಳಫಳ ಹೊಳೆಯುತ್ತಿದ್ದ ಉಜ್ಜಿದ ಬೀಜದ ಕಡೆ ಒಂದೂ ತಿರುಗಿ ನೋಡಲಿಲ್ಲ. ಬೇರೆಯವರಾಗಿದ್ದರೆ ಪೊರಕೆ ತರುತ್ತಿದ್ದರು. ಸರೋಜಕ್ಕ ಮರುದಿನ ಎರಡು ಬಾಟಲಿ ಮುಚ್ಚಳ ತಂದು, ಮಾತ್ರೆ ಎಣಿಸುವ ಕೈಯಲ್ಲಿ ಐವತ್ತೈವತ್ತು ಬೀಜ ಎಣಿಸಿಟ್ಟರು. ಒಂದರಲ್ಲಿ ಉಜ್ಜಿದ್ದು, ಇನ್ನೊಂದರಲ್ಲಿ ಉಜ್ಜದ್ದು. ಹೀಗೆ ಇಟ್ಟ ನಾಲ್ಕು ದಿನವೂ ಉಜ್ಜದ ಮುಚ್ಚಳವೇ ಖಾಲಿಯಾಯಿತು. ಆಮೇಲೆ ಲೈಬ್ರರಿಗೆ ಹೋಗಿ ಓದಿಕೊಂಡು ಬಂದು ನನ್ನನ್ನು ಕರೆದರು.

"ಹೊಲಸು ಅಂತ ತಗದಿದ್ದೆ ನೋಡ್ರಿ ವಸುಧಾ. ಅದು ಅವುಗಳ ಊಟ ಆಗಿತ್ತು. ಎಣ್ಣಿ ಅಂಶ ಐತಂತ ಅದರಾಗ, ಮರಿಗೆ ತಿನ್ನಸ್ತಾವ."

"ಇರುವೆಗೆ ಊಟ ಆಯ್ತು ಸರಿ, ಬೀಜಕ್ಕೇನು ಬಂತು ಅಕ್ಕ?"

"ಗುಬುಟು ತಿಂದು ಬೀಜ ಹಂಗ ಒಗೀತಾವ್ರಿ, ತಮ್ಮ ಕಸದ ಗುಂಡ್ಯಾಗ. ಅಲ್ಲಿ ಮಣ್ಣು ಮೆತ್ತಗ, ಇಲಿ ಕಾಟ ಇಲ್ಲ. ಇಬ್ಬರಿಗೂ ಛಲೋನ ಆತಲ್ಲ."

"ಹಾಗಾದ್ರೆ ಎಲ್ಲಾ ಇರುವೆಗೂ ಕೈ ಮುಗೀಬೇಕು ಅನ್ನಿ."

"ಎಲ್ಲಾ ಇರುವೀನೂ ಒಂದ ಅಲ್ರಿ. ಕೆಂಪು ಬೆಂಕಿ ಇರುವಿ ಅದಾವಲ್ಲ, ಅವು ಗುಬುಟು ತಿಂದು ಬೀಜ ಮ್ಯಾಲ ಚೆಲ್ಲಿ ಹೋಗ್ತಾವಂತ. ಉಂಡ ಮನಿಗೆ ಎರಡು ಬಗಿಯೋವು."

ಆ ವರ್ಷ ಅಕ್ಕ ಬೀಜವನ್ನು ಉಜ್ಜದೆಯೇ ಓಕ್ ಮರಗಳಡಿ ಕಪ್ಪಿರುವೆಗಳ ದಾರಿಯಲ್ಲಿ ಚೆಲ್ಲಿದರು. ಕೆಂಪಿರುವೆಯ ಗೂಡು ಕಂಡಲ್ಲಿ ಕೆಟಲಿನಲ್ಲಿ ಕುದಿನೀರು ಒಯ್ದು ಸುರಿದರು. ಕಪ್ಪಿರುವೆಗಳ ತಂಟೆಗೆ ಯಾರನ್ನೂ ಬಿಡಲಿಲ್ಲ. ಕಾಲೊನಿಗೆಲ್ಲ ಇರುವೆ ಔಷಧಿ ಹೊಡೆಯಲು ಬಂದವನನ್ನು ಓಕ್ ಮರದಡಿ ಅಡ್ಡ ನಿಂತು ತಡೆದರು. ಐದಡಿ ಎತ್ತರದ ಹೆಂಗಸು, ಕೈಯಲ್ಲಿ ಕೆಟಲು. ಅವನು ಸುಮ್ಮನೆ ಹಿಂದಕ್ಕೆ ಹೋದ.

ಈ ಮಾರ್ಚಿನಲ್ಲಿ ಕಮಿಟಿ ನೋಡಲು ಬಂತು. ಓಕ್ ಬೇರುಗಳ ಸಂದಿಯಲ್ಲಿ, ಕಲ್ಲುಗಳ ಬಿರುಕಿನಲ್ಲಿ, ಅಕ್ಕ ಬೀಜವನ್ನೇ ಹಾಕಿರದ ಬೇಲಿಯ ಬುಡದಲ್ಲಿ, ಎಲ್ಲೆಲ್ಲೂ ದುಂಡು ದುಂಡು ಎಲೆಗಳು. ಇಷ್ಟು ಇಕ್ಕಟ್ಟಿನಲ್ಲಿ ಹೇಗೆ ನೆಟ್ಟಿರಿ ಎಂದು ವಾಲ್ಟರ್ ಮೊಣಕಾಲೂರಿ ಕೂತು ಕೇಳಿದರು. ನಾನು ನೆಟ್ಟಿಲ್ಲ, ಉಜ್ಜುವುದನ್ನು ಬಿಟ್ಟೆ ಅಷ್ಟೇ ಎಂದರು ಅಕ್ಕ. ಈ ಸಲ ಅವರ ಇಂಗ್ಲಿಷ್ ತಡವರಿಸಲಿಲ್ಲ. ಜಲ್ಲಿಯ ಮಾತು ಅಲ್ಲಿಗೇ ಮುಗಿಯಿತು.

ಎಲ್ಲರೂ ಹೋದ ಮೇಲೆ ನನಗೆ ತಡೆಯಲಾಗಲಿಲ್ಲ. ಹೋದ ವರ್ಷದ ಚೀಟಿಯಲ್ಲಿ ನಾನು ಬರೆದದ್ದು ಜಲ್ಲಿ ಎಂದು ಹೇಳಿಬಿಟ್ಟೆ. ನಾಚಿಕೆಯಿಂದ ತಲೆ ಎತ್ತಲಾಗಲಿಲ್ಲ. ಸರೋಜಕ್ಕ ಮನೆಯೊಳಗೆ ಹೋಗಿ, ಮಾತ್ರೆಯ ಡಬ್ಬಿಯೊಂದರಲ್ಲಿ ತುಂಬಿಟ್ಟಿದ್ದ ಬೀಜ ತಂದು ನನ್ನ ಕೈಗಿಟ್ಟರು.

"ನಿಮ್ಮ ಹಿತ್ತಲದಾಗೂ ಹಾಕ್ರಿ. ಆದರ ಆರಸಾಕ ಕೂಡಬ್ಯಾಡ್ರಿ ಮತ್ತ."