ಹಮ್ರಿಯಾದ ರಷ್ಯನ್ ಚಿತ್ರಕಥೆಗಾರ್ತಿ

ನಿನ್ನೆ ಮಗಳ ಫೋನಿನಲ್ಲಿ ಕೋಟು ತೊಟ್ಟ ಬಾತುಕೋಳಿಯೊಂದು ರಷ್ಯನ್ ಭಾಷೆಯಲ್ಲಿ ಗದರುತ್ತಿತ್ತು. ಕೇಳಿದ್ದೇ ತಡ, ನನ್ನ ಬಾಯೆಲ್ಲ ಹಾಗಲಕಾಯಿಯ ಕಹಿ.

ಗಲ್ಫಿನಲ್ಲಿ, ಹಮ್ರಿಯಾದ ನಮ್ಮ ಹಳೆಯ ಫ್ಲ್ಯಾಟಿನಲ್ಲಿ ಇದ್ದದ್ದು ಇದೇ ಕಾರ್ಟೂನಿನ ಒಂದೇ ಒಂದು ಕ್ಯಾಸೆಟ್. ಭಾಷೆ ಯಾರಿಗೂ ಬಾರದು. ಹಾಗಾಗಿ ಸಂಭಾಷಣೆಯ ಖಾತೆಯನ್ನು ಅಮ್ಮ ಅಡುಗೆಮನೆಯಿಂದಲೇ ವಹಿಸಿಕೊಂಡಿದ್ದಳು. ಬಾತುಕೋಳಿ ಸೋಮವಾರ "ಬಸಳೆ ತಿನ್ನಿ" ಎನ್ನುತ್ತಿತ್ತು, ಮಂಗಳವಾರ "ಮಗ್ಗಿ ಬರೆಯಿರಿ" ಎನ್ನುತ್ತಿತ್ತು. ಅಷ್ಟು ದೂರದ ದೇಶದಿಂದ ಹೇಳುವಾಗ ನಾನೂ ತಮ್ಮನೂ ಕೇಳದೆ ಇರಲಾದೀತೇ?

ಒಂದು ಶುಕ್ರವಾರ ಅಪ್ಪನ ಗೆಳೆಯ ಡಾಕ್ಟರ್ ಮಾಮ ಊಟಕ್ಕೆ ಬಂದರು. ರಷ್ಯಾದಲ್ಲೇ ಡಾಕ್ಟರಿಕೆ ಕಲಿತವರು. ನನ್ನ ತಮ್ಮ ಆ ಕ್ಯಾಸೆಟ್ ಹಾಕಿ ಕೇಳಿಯೇಬಿಟ್ಟ: "ಮಾಮ, ಇದು ಹಾಗಲಕಾಯಿ ತಿನ್ನಿ ಅಂತ ಹೇಳುವುದು ಹೌದಾ?"

ಅಮ್ಮನ ಕೈಯ ಸೌಟು ಗಾಳಿಯಲ್ಲೇ ನಿಂತಿತು. ಮಹಾನ್ ವೃತ್ತಿಜೀವನವೊಂದು ಆ ಒಂದು ಉತ್ತರದ ಮೇಲೆ ನೇತಾಡುತ್ತಿತ್ತು.

ಮಾಮ ಗಂಭೀರವಾಗಿ ಆಲಿಸಿದರು. ಅಮ್ಮನ ಮುಖ ನೋಡಿದರು. "ಹೌದು ಮಾರಾಯ. ತಟ್ಟೆ ಖಾಲಿ ಮಾಡಬೇಕು ಅಂತಲೂ ಹೇಳ್ತಾ ಉಂಟು."

ಉಪಕಾರ ಮರೆಯದ ಅಮ್ಮ ಅವರ ತಟ್ಟೆಗೇ ಮೂರು ಸೌಟು ಹಾಗಲಕಾಯಿ ಪಲ್ಯ ಸುರಿದಳು. ನಾವಿಬ್ಬರೂ ರೆಪ್ಪೆ ಬಡಿಯದೆ ನೋಡುತ್ತಿದ್ದೆವು. ಪಾಪ, ಮಾಮ ಕಣ್ಣು ಮುಚ್ಚಿ ಅಷ್ಟೂ ನುಂಗಿದರು.

ಈಗಿನ ಫೋನಿನಲ್ಲಿ ಕೆಳಗೆ ಇಂಗ್ಲಿಷ್ ಅನುವಾದವೂ ಬರುತ್ತದೆ. ಬಾತುಕೋಳಿ ನಿಜಕ್ಕೂ ಕೇಳುತ್ತಿದ್ದದ್ದು "ನನ್ನ ಕೊಡೆ ಎಲ್ಲಿ?" ಎಂದು. ಒಳಗೆ ಕಾಯಿ ತುರಿಯುತ್ತಿದ್ದ ಅಮ್ಮನಿಗೆ ಹೋಗಿ ಹೇಳಿದೆ.

ಅಮ್ಮ ತಲೆ ಎತ್ತಲೂ ಇಲ್ಲ. "ಕೊಡೆಯಾ? ಅದರಲ್ಲಿ ಕತೆ ಎಲ್ಲುಂಟು?"