ಅಗುಳಿ ಮೈಕ್ ಹಿಡಿದದ್ದು

ಅವನನ್ನು ಎಲ್ಲರೂ ಅಗುಳಿ ಎಂದೇ ಕರೆಯುತ್ತಿದ್ದರು. ಹದಿನೇಳು ವರ್ಷ ಎರಡನೇ ದರ್ಜೆಯ ಫುಟ್‌ಬಾಲ್ ಕ್ಲಬ್ಬೊಂದರ ಗೋಲ್‌ಕೀಪರ್ ಆಗಿದ್ದವನು. ಅವನು ಎರಡು ಕಂಬಗಳ ನಡುವೆ ನಿಂತರೆ ಬಾಗಿಲಿಗೆ ಅಗುಳಿ ಹಾಕಿದಂತೆ ಎಂಬುದು ಅಭಿಮಾನಿಗಳ ಮಾತು. ತುಕ್ಕು ಹಿಡಿದ ಅಗುಳಿ ಎಂಬುದು ಎದುರಾಳಿಗಳ ತಿದ್ದುಪಡಿ. ಎರಡರಲ್ಲೂ ಸ್ವಲ್ಪ ಸ್ವಲ್ಪ ನಿಜವಿತ್ತು.

ಅವನ ಗಂಟಲಿನ ಬಗ್ಗೆ ಮಾತ್ರ ಎರಡು ಮಾತಿರಲಿಲ್ಲ. ಚೆಂಡು ಮೇಲಿನಿಂದ ಬರುವಾಗ ಗೋಲ್‌ಕೀಪರ್ ‘ನಂದು’ ಎಂದು ಕೂಗಿ ತನ್ನವರನ್ನು ಸರಿಸಬೇಕು. ಇವನು ಕೂಗಿದರೆ ಎದುರು ತಂಡದವರೂ ಸರಿಯುತ್ತಿದ್ದರು. ಹೊರಗಿನ ರಸ್ತೆಯಲ್ಲಿ ಬಸ್ಸು ನಿಲ್ಲುತ್ತಿತ್ತು. ಪಕ್ಕದ ಬೀದಿಯ ಅಂಗಡಿಯಲ್ಲಿ ಛತ್ರಿಗೆ ಚೌಕಾಸಿ ಮಾಡುತ್ತಿದ್ದವರು ಅದನ್ನು ತೆಪ್ಪಗೆ ಕೆಳಗಿಟ್ಟು ಹೋಗುತ್ತಿದ್ದರು.

ಮೊದಲ ಪಂದ್ಯಕ್ಕೆ ಅಮ್ಮ ಬಂದು ಕಣ್ಣರಳಿಸಿ ನೋಡಿದ್ದಳು. ಏಳು ಗೋಲು ಬಿತ್ತು. ತಾನು ನೋಡಿದ್ದರಿಂದಲೇ ಹೀಗಾಯಿತೆಂದು ಅವಳು ತೀರ್ಮಾನಿಸಿದಳು. ಅಂದಿನಿಂದ ಕೆಳಗಿನ ಮೆಟ್ಟಿಲಲ್ಲಿ, ಮೈದಾನಕ್ಕೆ ಬೆನ್ನು ಹಾಕಿ, ಪ್ರೇಕ್ಷಕರ ಕಡೆ ಮುಖ ಮಾಡಿ ಕೂರುತ್ತಿದ್ದಳು. ಹೊಸಬರು ಟಿಕೆಟ್ ತಪಾಸಣೆಯವಳೆಂದು ತಿಳಿದು ಟಿಕೆಟ್ ತೋರಿಸುತ್ತಿದ್ದರು. ಅವಳೂ ಒಂದಿಬ್ಬರನ್ನು ಟಿಕೆಟ್ ಇಲ್ಲವೆಂದು ಎಬ್ಬಿಸಿ ಕಳಿಸಿದ್ದುಂಟು. ಬೆನ್ನ ಹಿಂದೆ ಏನು ನಡೆಯುತ್ತಿದೆಯೆಂದು ಹೇಳುವುದು ಪಕ್ಕದಲ್ಲಿ ಕೂತ ಮಗಳ, ಅಂದರೆ ಅಗುಳಿಯ ಅಕ್ಕನ, ಕೆಲಸ.

ಮೂವತ್ತಾರಕ್ಕೆ ಅವನ ಬಲ ಮೊಣಕಾಲು ಮುಷ್ಕರ ಹೂಡಿತು. ಡಾಕ್ಟರು ಎಕ್ಸ್‌ರೇಯನ್ನು ಬೆಳಕಿಗೆ ಹಿಡಿದು, ಇದು ನಿಮ್ಮದೋ ನಿಮ್ಮ ಅಜ್ಜನದೋ ಎಂದು ಕೇಳಿದರಂತೆ. ಆಟ ಮುಗಿಯಿತು. ಅಕ್ಕನ ಗಂಡನಿಗೆ ನಲ್ಲಿ, ಪೈಪು, ಸಿಂಕುಗಳ ಅಂಗಡಿಯಿತ್ತು. ಭಾವ ಒಳ್ಳೆಯವನೇ, ಬಾಮೈದನಿಗೊಂದು ಸ್ಟೂಲ್ ಹಾಕಿಕೊಟ್ಟ. ಆದರೆ ಅಗುಳಿ ‘ಬನ್ನಿ’ ಎಂದು ಸ್ವಾಗತಿಸಿದ ಕೂಡಲೇ ಗಿರಾಕಿಗಳು ಸೋರುವ ನಲ್ಲಿಯೇ ವಾಸಿ ಎಂದು ಹೊರಟುಬಿಡುತ್ತಿದ್ದರು. ಸಾಲದ್ದಕ್ಕೆ ಅಂಗಡಿಗೆ ಮೈದಾನದ ಗದ್ದಲ ಕೇಳಿಸುತ್ತಿತ್ತು. ಪ್ರತಿ ಗದ್ದಲಕ್ಕೂ ಅವನು ಸ್ಟೂಲಿನಿಂದ ಅರ್ಧ ಏಳುವನು, ಮತ್ತೆ ಕೂರುವನು. ಅದನ್ನು ನೋಡಲಾಗದೆ ಭಾವ ಗೋಡೆಯ ಕಡೆ ತಿರುಗಿ ಒರೆಸಿದ ಸಿಂಕನ್ನೇ ಒರೆಸುತ್ತಿದ್ದ.

ಅಷ್ಟರಲ್ಲಿ ರೇಡಿಯೊದವರಿಂದ ಕರೆ ಬಂತು. ವೀಕ್ಷಕ ವಿವರಣೆಗೆ ಮಾಜಿ ಆಟಗಾರನೊಬ್ಬ ಬೇಕಿತ್ತು. ಮೂರು ಪಂದ್ಯ ಪರೀಕ್ಷೆ. ಒಪ್ಪಿಗೆಯಾದರೆ ಕೆಲಸ ಖಾಯಂ, ಇಲ್ಲವಾದರೆ ಸ್ಟೂಲು ಖಾಯಂ.

ಮೊದಲ ಪಂದ್ಯದಲ್ಲಿ ಹದಿನೇಳು ವರ್ಷದ ಅಭ್ಯಾಸ ಬಾಯಿಗೆ ಬಂತು. ಆಟವನ್ನು ಹೇಳುವ ಬದಲು ಅವನು ಆಟಗಾರರಿಗೆ ಅಪ್ಪಣೆ ಕೊಡತೊಡಗಿದ: ಎಡಕ್ಕೆ ಸರಿ, ಹಿಂದೆ ನೋಡು, ಅವನನ್ನ ಬಿಡಬೇಡ. ತೊಂಬತ್ತು ನಿಮಿಷ ಇದೇ. ಕೇಳುವವರು ಎಡಕ್ಕೆ ಸರಿದು ಸರಿದು ಎಲ್ಲರ ಮನೆಯಲ್ಲೂ ಗೋಡೆಗೆ ಅಂಟಿಕೊಂಡಿದ್ದಾರೆ ಎಂದು ರೇಡಿಯೊದ ನಿರ್ಮಾಪಕಿ ತಣ್ಣಗೆ ಹೇಳಿದಳು. ನಗದೇ ತಮಾಷೆ ಮಾಡುವ ಜಾತಿಯ ಹೆಂಗಸು ಆಕೆ.

ಹೆದರಿದ ಅಗುಳಿ ಎರಡನೇ ಪಂದ್ಯಕ್ಕೆ ಹನ್ನೊಂದು ಹಾಳೆ ಬರೆದುಕೊಂಡು ಹೋದ. ಮೂರನೇ ಹಾಳೆ ಓದುವಷ್ಟರಲ್ಲಿ ಎರಡು ಗೋಲಾಗಿತ್ತು. ಗೋಲಿನ ವಿಷಯ ಒಂಬತ್ತನೇ ಹಾಳೆಯಲ್ಲಿತ್ತು. ಇನ್ನು ಉಳಿದದ್ದು ಒಂದೇ ಪಂದ್ಯ.

ಮರುದಿನ ಅವನು ಅಕ್ಕನ ಮನೆಗೆ ಹೋದ. ಅಮ್ಮನೂ ಅಲ್ಲೇ ಇದ್ದಳು, ಒಳಗೆ ಅಡುಗೆಮನೆಯಲ್ಲಿ. ಅಕ್ಕ ಬಟ್ಟೆ ಮಡಿಸುತ್ತಿದ್ದಳು.

“ಅಷ್ಟು ವರ್ಷ ಅಮ್ಮನಿಗೆ ಅದೇನು ಹೇಳ್ತಿದ್ದೆ ಅಕ್ಕ?”

“ಚೆಂಡು ನಿನ್ನಿಂದ ಎಷ್ಟು ದೂರ ಇದೆ ಅಂತ. ಅಮ್ಮನಿಗೆ ಬೇಕಾಗಿದ್ದು ಅದೊಂದೇ. ದೂರ ಇದ್ರೆ ಊರ ಕಥೆಯೆಲ್ಲ ಹೇಳ್ತಿದ್ದೆ. ಹತ್ರ ಬಂದ್ರೆ ಬರೀ ಎಷ್ಟು ಹೆಜ್ಜೆ, ಯಾರ ಕಾಲಲ್ಲಿ, ಅಷ್ಟೇ.”

“ಗೋಲು ಬಿದ್ದಾಗ?”

“ಗಾಳಿ ಜಾಸ್ತಿ ಇತ್ತು ಅಂತಿದ್ದೆ ಕಣೋ.”

ಅಡುಗೆಮನೆಯಿಂದ ಅಮ್ಮನ ದನಿ ಬಂತು. “ಹದಿನೇಳು ವರ್ಷ ಈ ಊರಲ್ಲಿ ಬರೀ ಬಿರುಗಾಳಿ.”

ಮೂರನೇ ಪಂದ್ಯಕ್ಕೆ ಅವನು ಬರಿಗೈಯಲ್ಲಿ ಹೋದ. ವಿವರಣೆಯ ಕೋಣೆ ಎಂದರೆ ಸ್ಟ್ಯಾಂಡಿನ ನೆತ್ತಿಯ ಮೇಲೊಂದು ಗೂಡು: ಒಂದು ಮೇಜು, ಎರಡು ಮೈಕು, ಜೊತೆಗೆ ವಿವರಣೆ ಹೇಳುವ ಜೊತೆಗಾರನ ಕಾಫಿ ಫ್ಲಾಸ್ಕು, ನೆಲದವರೆಗೂ ತೆರೆದ ಕಿಟಕಿ. ಕಿಟಕಿಯಾಚೆ ಕಂಬಿಗೆ ಜನರ ಗದ್ದಲ ಹಿಡಿಯಲೆಂದೇ ಮೂರನೇ ಮೈಕೊಂದನ್ನು ಕಟ್ಟಿದ್ದರು. ಅಗುಳಿ ಕುರ್ಚಿಯಲ್ಲಿ ಕೂತು, ಎದುರಿಗೆ ಅಮ್ಮ ಮೈದಾನಕ್ಕೆ ಬೆನ್ನು ಹಾಕಿ ಕೂತಿದ್ದಾಳೆ ಎಂದುಕೊಂಡು ಬಾಯಿ ತೆರೆದ. ಚೆಂಡು ದೂರವಿದ್ದಾಗ ತನಗೆ ಏಳು ಗೋಲು ಬಿದ್ದ ಕಥೆ ಹೇಳಿದ, ಏಳನೆಯದನ್ನು ಹೊಡೆದವನು ನಾಚಿಕೆಯಿಂದ ಕ್ಷಮೆ ಕೇಳಿದ್ದನ್ನೂ ಸೇರಿಸಿ. ಚೆಂಡು ಹತ್ತಿರ ಬಂದಾಗ ದನಿ ತಗ್ಗಿಸಿದ: ಇಪ್ಪತ್ತು ಹೆಜ್ಜೆ, ಹದಿನೈದು, ಹತ್ತು. ಕೇಳುತ್ತಿದ್ದವರ ಮನೆಗಳಲ್ಲಿ ಹಾಲು ಉಕ್ಕುವುದನ್ನು ನಿಲ್ಲಿಸಿ ಕಾದಿತ್ತು ಎನ್ನುತ್ತಾರೆ. ನಾನು ಆ ಹಾಲನ್ನು ನೋಡಿಲ್ಲ, ಆದರೆ ನಂಬುತ್ತೇನೆ.

ಕೊನೆಯ ನಿಮಿಷ. ಅವನ ಹಳೆಯ ಕ್ಲಬ್ಬು ಒಂದು ಗೋಲಿನಿಂದ ಮುಂದಿತ್ತು. ಎದುರು ತಂಡಕ್ಕೆ ಪೆನಾಲ್ಟಿ ಸಿಕ್ಕಿತು.

“ಹನ್ನೊಂದು ಮೀಟರ್ ದೂರ,” ಎಂದ ಅಗುಳಿ. “ಕಾಲು ನೋಡ್ಬೇಡಿ, ಸೊಂಟ ನೋಡಿ. ಎಡಕ್ಕೆ ತಿರುಗ್ತಿದೆ.”

ಹೊಡೆಯುವವನ ಕಾಲು ಬೀಸಿತು. ಕೆಳಗೆ ಹೊಸ ಗೋಲ್‌ಕೀಪರ್ ಹಾರಿದ. ಮೇಲೆ ಹಳೆಯವನೂ ಹಾರಿದ.

ಮಂಡಿ ಮುಷ್ಕರದಲ್ಲಿದೆ ಎಂಬುದು ಅವನಿಗೆ ಗಾಳಿಯಲ್ಲಿದ್ದಾಗ ನೆನಪಾಯಿತಂತೆ. ಮೇಜು ಮಗುಚಿತು, ಪ್ಲಗ್ಗು ಕಿತ್ತುಬಂತು, ಎರಡೂ ಮೈಕು ಸತ್ತವು. ಜೊತೆಗಾರ ಗೋಡೆಗೆ ಒರಗಿ ಕಣ್ಣು ಮುಚ್ಚಿದ. ಅಗುಳಿ ಅಂಗಾತ ಬಿದ್ದಿದ್ದ. ಕಾಫಿ ಫ್ಲಾಸ್ಕು ಮಾತ್ರ ಅವನ ಎದೆಯ ಮೇಲೆ ಎರಡು ಅಂಗೈ ನಡುವೆ ಭದ್ರವಾಗಿತ್ತು, ಒಂದು ಹನಿಯೂ ಚೆಲ್ಲಿರಲಿಲ್ಲ. ಕತ್ತು ಹೊರಳಿಸಿ ಕಿಟಕಿಯ ತಳದಿಂದ ನೋಡಿದ. ಹೊಸಬನ ಕೈಯಲ್ಲಿ ಚೆಂಡಿತ್ತು.

“ಹಿಡ್ದ!”

ಕಿಟಕಿಯಾಚೆಯ ಮೈಕು ಹತ್ತು ಸಾವಿರ ಜನರ ಗದ್ದಲವನ್ನು ಬಿಟ್ಟು ಆ ಒಂದು ಕೂಗನ್ನು ಹಿಡಿಯಿತು. ಅದು ರೇಡಿಯೊ ಇದ್ದ ಮನೆಗಳಿಗೆಲ್ಲ ಕೇಳಿಸಿತು, ಇಲ್ಲದ ಮನೆಗಳಿಗೂ ಕೇಳಿಸಿತು. ಅಂಗಡಿಯಲ್ಲಿ ಭಾವನ ಕೈಯಿಂದ ಹೊಚ್ಚಹೊಸ ಸಿಂಕು ಜಾರಿತು. ಅವನು ಚೂರುಗಳ ನಡುವೆ ನಿಂತು ಚಪ್ಪಾಳೆ ತಟ್ಟಿದ.

ನಿರ್ಮಾಪಕಿ ಓಡಿಬಂದಳು. ಮಗುಚಿದ ಮೇಜು ನೋಡಿದಳು, ನೆಲದ ಮೇಲಿದ್ದವನನ್ನು ನೋಡಿದಳು, ಫ್ಲಾಸ್ಕನ್ನು ನೋಡಿದಳು.

“ಸಾರ್, ಕೆಲಸ ನಿಮ್ಮದು,” ಎಂದಳು. “ಇನ್ಮೇಲೆ ಪೆನಾಲ್ಟಿ ಬಂದಾಗ ಕುರ್ಚಿಗೆ ಕಟ್ಟಿಹಾಕ್ತೀವಿ.”

ಆಕೆ ಮೊದಲ ಸಲ ನಕ್ಕದ್ದನ್ನು ಜೊತೆಗಾರ ಕಣ್ಣಾರೆ ಕಂಡನಂತೆ. ಮಾತೂ ತಮಾಷೆಯಾಗಿರಲಿಲ್ಲ. ಈಗಲೂ ಆ ಕುರ್ಚಿಗೆ ಗುಜರಿ ಕಾರಿನಿಂದ ಬಿಚ್ಚಿ ತಂದ ಸೀಟ್ ಬೆಲ್ಟ್ ಇದೆ. ಒಂಬತ್ತು ವರ್ಷದಲ್ಲಿ ಎರಡು ಬೆಲ್ಟ್ ಹರಿದಿವೆ.

ಅಂದು ಅವನು ಅಲ್ಲಿಂದಲೇ ಮನೆಗೆ ಫೋನ್ ಮಾಡಿದ. ಅಮ್ಮನೇ ಎತ್ತಿದಳು. ಕೆಲಸದ ಸುದ್ದಿ ಹೇಳುವ ಮೊದಲೇ ಕೇಳಿದಳು.

“ರೇಡಿಯೊದಲ್ಲಿ ನಿನ್ನ ಮಾತು ಯಾಕೆ ನಿಂತ್ಹೋಯ್ತು ಅಂತ ಗೊತ್ತು ನಂಗೆ. ಯಾವ ಕಡೆ ಹಾರ್ದೆ?”

“ಎಡಕ್ಕೆ ಅಮ್ಮ.”

“ಚೆಂಡು?”

“ಎಡಕ್ಕೇ.”



“ಇದನ್ನ ಮೊದಲನೇ ಮ್ಯಾಚಲ್ಲೇ ಮಾಡಿದ್ರೆ, ಮಗಾ,” ಎಂದಳು, “ನಾನೂ ಮೈದಾನದ ಕಡೆ ತಿರುಗಿ ಕೂರ್ತಿದ್ದೆ.”